ಫೋಟೋದಲ್ಲಿ ಇಲ್ಲದವರು

ಇಷ್ಟು ವರ್ಷ ನಮ್ಮ ಸಂಘದ ಫೋಟೋ ತೆಗೆದ ಗೆಳೆಯರು ಈ ತಿಂಗಳು ಮೈಸೂರಿಗೆ ವಾಪಸ್ ಹೊರಟಿದ್ದಾರೆ. ಬೀಳ್ಕೊಡುಗೆಗೆಂದು ಹಳೇ ಆಲ್ಬಮ್ ತೆರೆದೆವು. ಯುಗಾದಿ, ಗಣೇಶನ ಹಬ್ಬ, ಪಿಕ್ನಿಕ್, ಎಲ್ಲದರಲ್ಲೂ ನಾವೇ. "ಅಂಕಲ್ ಒಂದರಲ್ಲೂ ಇಲ್ಲ ಅಲ್ವಾ?" ಅಂದಳು ಮಗಳು. ಸಂಘದ ಈ ಪತ್ರಿಕೆ ಬೆಳಗ್ಗೆ ಅಚ್ಚಿಗೆ ಹೋಗಬೇಕು. ಆ ಮಾತು ಕೇಳಿದಾಗಿನಿಂದ ನನ್ನ ತಲೆಯಲ್ಲಿ ಇರುವುದು ಇಟಲಿಯ ಸಿನಿಮಾ ಛಾಯಾಗ್ರಾಹಕ ಆಲ್ಡೋ. ಅವರ ಬಗ್ಗೆಯೇ ಬರೆಯುತ್ತೇನೆ.

ಪೂರ್ತಿ ಹೆಸರು ಆಲ್ಡೋ ಗ್ರಾಜಿಯಾತಿ. ಸಿನಿಮಾದಲ್ಲಿ ಬರುತ್ತಿದ್ದದ್ದು ಜಿ. ಆರ್. ಆಲ್ಡೋ ಎಂದು. 1905ರಲ್ಲಿ ವೆನಿಸ್ ಹತ್ತಿರದ ಸ್ಕೋರ್ಜೆಯಲ್ಲಿ ಹುಟ್ಟಿದವರು. ಮೀಸೆ ಬಲಿಯುವ ಮೊದಲೇ ಫ್ರಾನ್ಸಿಗೆ ಹೋದರು. ಅಲ್ಲಿ ವರ್ಷಗಟ್ಟಲೆ ಬೇರೆಯವರ ಸಿನಿಮಾ ಸೆಟ್ಟಿನಲ್ಲಿ ಸ್ಟಿಲ್ ಫೋಟೋ ತೆಗೆದರು. ಸಿನಿಮಾ ಕ್ಯಾಮೆರಾ ಅವರ ಕೈಗೆ ಬಂದದ್ದು ನಲವತ್ತು ದಾಟಿದ ಮೇಲೆ. ನಿರ್ದೇಶಕ ಲುಕೀನೋ ವಿಸ್ಕೊಂತಿ ತಮ್ಮ 'ಲಾ ತೆರ್ರಾ ತ್ರೇಮಾ' (1948) ಚಿತ್ರಕ್ಕೆ ಕರೆಸಿಕೊಂಡರು. ಸಿಸಿಲಿಯ ಆಚಿ ತ್ರೆಜ್ಜಾ ಎಂಬ ಮೀನುಗಾರರ ಹಳ್ಳಿ. ನಟಿಸಿದವರು ಆ ಊರಿನವರೇ, ಆಡಿದ್ದು ಅವರ ಮನೆಮಾತೇ. ಉಳಿದ ಇಟಲಿಯವರಿಗೆ ಅದು ಅರ್ಥವಾಗುವುದಿಲ್ಲವೆಂದು ಮೇಲೆ ನಿರೂಪಣೆ ಸೇರಿಸಬೇಕಾಯಿತು. ಬಿರುಗಾಳಿಯ ದಿನ ಕಪ್ಪು ಶಾಲು ಹೊದ್ದ ಹೆಂಗಸರು ಬಂಡೆಗಳ ಮೇಲೆ ನಿಂತು ದೋಣಿಗೆ ಕಾಯುವ ದೃಶ್ಯವೊಂದಿದೆ. ಅದಕ್ಕೆ ಮಾತೇ ಬೇಕಿಲ್ಲ.

ಆದರೆ ನನಗೆ ಜಾಸ್ತಿ ಇಷ್ಟ ಆಲ್ಡೋ ಚಿತ್ರೀಕರಿಸಿದ, ನಿರ್ದೇಶಕ ದೆ ಸೀಕಾ ಅವರ 'ಉಂಬೆರ್ತೊ ಡಿ.' (1952). ಬೆಳಗಿನ ಹೊತ್ತು ಕೆಲಸದ ಹುಡುಗಿ ಮರಿಯಾ ಎದ್ದು ಅಡುಗೆಮನೆಗೆ ಬರುತ್ತಾಳೆ. ಗೋಡೆಗೆ ಕಡ್ಡಿ ಗೀರಿ ಒಲೆ ಹಚ್ಚುತ್ತಾಳೆ. ಗೋಡೆ ಮೇಲಿನ ಇರುವೆಗಳಿಗೆ ನೀರು ಹಾಕುತ್ತಾಳೆ. ಕೂತು ಕಾಫಿ ಬೀಜ ಪುಡಿ ಮಾಡುತ್ತಾ, ಕಾಲು ಚಾಚಿ ಬೆರಳ ತುದಿಯಿಂದ ಬಾಗಿಲು ಮುಚ್ಚುತ್ತಾಳೆ. ಕಣ್ಣಲ್ಲಿ ನೀರು. ಮದುವೆಯಾಗದ ಹುಡುಗಿ, ಬಸುರಿ. ಆ ದೃಶ್ಯದಲ್ಲಿ ಯಾರೂ ಅದನ್ನು ಹೇಳುವುದಿಲ್ಲ, ಕಿಟಕಿಯ ಬೆಳಕೇ ಹೇಳುತ್ತದೆ.

ನಮ್ಮಮ್ಮನೂ ಹೀಗೇ ನಸುಕಿನಲ್ಲಿ ಒಬ್ಬರೇ ಏಳುತ್ತಿದ್ದರು. ಸಕಲೇಶಪುರದ ಮನೆಯ ಅಡುಗೆಮನೆಗೆ ಒಂದೇ ಕಿಟಕಿ, ಅದೂ ಸಣ್ಣದು. ಒಲೆ ಹಚ್ಚಿ, ನೀರಿಟ್ಟು, ಕೈಮಿಲ್ಲಿನಲ್ಲಿ ಬೀಜ ಹಾಕಿ ತಿರುಗಿಸುತ್ತಿದ್ದರು. ಆ ಸದ್ದಿಗೇ ನಮಗೆ ಎಚ್ಚರ. ಮಳೆಗಾಲದಲ್ಲಿ ಗೋಡೆ ತುಂಬಾ ಇರುವೆ ಸಾಲು, ಅದಕ್ಕೆ ಅರಿಶಿನ ಉದುರಿಸುತ್ತಿದ್ದರು. ಡಿಕಾಕ್ಷನ್ ಇಳಿಯುವವರೆಗೆ ಕಿಟಕಿ ಹತ್ತಿರ ಸುಮ್ನೆ ನಿಂತಿರುತ್ತಿದ್ದರು. ಏನು ಯೋಚಿಸುತ್ತಿದ್ದರೋ, ನಾವ್ಯಾರೂ ಕೇಳಲಿಲ್ಲ. ಮದುವೆ, ನಾಮಕರಣದ ಫೋಟೋ ಎಷ್ಟೋ ಇವೆ. ಅಮ್ಮ ಆ ಕಿಟಕಿಯ ಹತ್ತಿರ ನಿಂತ ಫೋಟೋ ಒಂದೂ ಇಲ್ಲ.

ಆಲ್ಡೋಗೆ ಸಿಕ್ಕಿದ್ದು ಐದಾರು ವರ್ಷ ಅಷ್ಟೇ. ವಿಸ್ಕೊಂತಿಯವರ 'ಸೆನ್ಸೊ' ಚಿತ್ರೀಕರಣ ನಡೆಯುವಾಗಲೇ, 1953ರ ನವೆಂಬರ್‌ನಲ್ಲಿ, ಕಾರು ಅಪಘಾತದಲ್ಲಿ ತೀರಿಕೊಂಡರು. ನಲವತ್ತೆಂಟು ವಯಸ್ಸು. ಉಳಿದ ಭಾಗವನ್ನು ರಾಬರ್ಟ್ ಕ್ರಾಸ್ಕರ್, ಜುಸೆಪ್ಪೆ ರೊತುನ್ನೊ ಮುಗಿಸಿದರು.

ಜಾಗ ಮುಗಿಯುತ್ತಾ ಬಂತು, ಸೂಚನೆಗಳು ಬೇಗ ಬೇಗ: ರಾಜ್ಯೋತ್ಸವ ನವೆಂಬರ್ ಎರಡನೇ ಶನಿವಾರ, ಮಧ್ಯಾಹ್ನ ಮೂರಕ್ಕೆ. ಮಕ್ಕಳ ನಾಟಕದ ರಿಹರ್ಸಲ್ ಪ್ರತಿ ಭಾನುವಾರ ಕನ್ನಡ ತರಗತಿ ಮುಗಿದ ಮೇಲೆ. ಬಿಸಿಬೇಳೆ ಬಾತ್‌ಗೆ ದೊಡ್ಡ ಪಾತ್ರೆ ಇರುವವರು ತಿಳಿಸಿ. ಸದಸ್ಯತ್ವ ಶುಲ್ಕ ಬಾಕಿ ಇರುವವರು ದಯವಿಟ್ಟು ಕಟ್ಟಿ.

ಈ ಸಲ ಫೋಟೋ ತೆಗೆಯಲು ಯಾರೂ ಇಲ್ಲ. ಕ್ಯಾಮೆರಾ ಬೇಡ, ಫೋನ್ ಸಾಕು. ಮೊದಲ ಸಲ ತೆಗೆಯುವವರೂ ಬನ್ನಿ. ವೇದಿಕೆಯ ಜೊತೆಗೆ ಹಿಂದಿನ ಕೋಣೆಗೂ ಹೋಗಿ, ಈರುಳ್ಳಿ ಹೆಚ್ಚುವವರನ್ನು, ಕುರ್ಚಿ ಜೋಡಿಸುವವರನ್ನು ತೆಗೆಯಿರಿ. ಈ ಪತ್ರಿಕೆಯ ಪುಟ ಜೋಡಿಸಲೂ ಒಬ್ಬರು ಬೇಕು. ನಾನೊಬ್ಬಳೇ ಮಾಡುವುದು ಈಗ ನಿಜವಾಗಿ ಕಷ್ಟವಾಗುತ್ತಿದೆ. ಗೆಳೆಯರು ಹೊರಡುವುದು ತಿಂಗಳ ಕೊನೆಗೆ. ಅಷ್ಟರೊಳಗೆ ಯಾರಾದರೂ ಅವರದೂ ಒಂದು ಫೋಟೋ ತೆಗೆದು ಕಳಿಸಿ, ಮುಂದಿನ ಸಂಚಿಕೆಯ ಮುಖಪುಟಕ್ಕೆ ಹಾಕೋಣ.