ನಡುಗಡ್ಡೆಯ ಆಸ್ಪತ್ರೆಯ ಹೆಸರು

ಪ್ರೀತಿಯ ಪುಟ್ಟಿಗೆ ದೊಡ್ಡಮ್ಮನ ಆಶೀರ್ವಾದ.

ರೋಮಿನಲ್ಲಿ ನರ್ಸ್ ಕೆಲಸಕ್ಕೆ ಸೇರಿ ತಿಂಗಳಾಗುವ ಮೊದಲೇ ‘ಎಷ್ಟು ಮಾಡಿದರೂ ಯಾರೂ ಒಂದು ಥ್ಯಾಂಕ್ಸ್ ಹೇಳಲ್ಲ’ ಅಂತ ಬರೆದಿದ್ದೀಯ. ಟೈಬರ್ ನದಿಯ ನಡುಗಡ್ಡೆಯ ಹಳೇ ಆಸ್ಪತ್ರೆಗೆ ‘ಫಾತೆಬೆನೆಫ್ರಾತೆಲ್ಲಿ’ ಅಂತ ಜನ ಯಾಕೆ ಕರೀತಾರೆ ಅಂತಲೂ ಕೇಳಿದ್ದೀಯ. ಎರಡನೆಯದಕ್ಕೆ ಮೊದಲು ಹೇಳ್ತೀನಿ.

ಅದು ಮೂರು ಪದ ಸೇರಿದ ಹೆಸರು. ಒಳ್ಳೇದು ಮಾಡಿ, ಅಣ್ಣತಮ್ಮಂದಿರೇ ಅಂತ ಅರ್ಥ. ಆಸ್ಪತ್ರೆ 1585ರದು. ಹೆಸರು ಬಂದದ್ದು ಒಂದು ಕೂಗಿನಿಂದ. ಆ ಕೂಗು ಆಸ್ಪತ್ರೆಗಿಂತ ಹಳೇದು, ಸ್ಪೇನಿನ ಗ್ರನಾಡ ಊರಿನದು. ಅಲ್ಲಿ ಪೋರ್ಚುಗಲ್‌ನಲ್ಲಿ ಹುಟ್ಟಿದ ಜುವಾನ್ ಅನ್ನುವವನು ಪುಸ್ತಕ ಮಾರುತ್ತಿದ್ದ. ಅದಕ್ಕೆ ಮುಂಚೆ ಕುರಿ ಕಾದಿದ್ದ, ಸೈನ್ಯದಲ್ಲೂ ಇದ್ದ. ಒಮ್ಮೆ ಚರ್ಚಿನ ಪ್ರವಚನ ಕೇಳಿ ಮೈಮೇಲೆ ಎಚ್ಚರ ತಪ್ಪಿದವನಂತೆ ಆಡಿದ. ಜನ ಹುಚ್ಚಾಸ್ಪತ್ರೆಗೆ ಸೇರಿಸಿದರು. ಆಗೆಲ್ಲ ಹುಚ್ಚಿಗೆ ಚಾಟಿಯೇಟೇ ಮದ್ದು. ಆ ಏಟು ತಿಂದು ಹೊರಬಂದವನು ತಾನೇ ರೋಗಿಗಳನ್ನು ಸಾಕೋಕೆ ನಿಂತ. ರಾತ್ರಿ ಹೊತ್ತು ಬೆನ್ನಿಗೆ ಬುಟ್ಟಿ, ಹಗ್ಗದಲ್ಲಿ ಎರಡು ಗಡಿಗೆ ನೇತುಹಾಕಿಕೊಂಡು ಬೀದಿಬೀದಿ ಬೇಡುತ್ತಿದ್ದ: ‘ಅಣ್ಣತಮ್ಮಂದಿರೇ, ದೇವರ ಮೇಲಿನ ಪ್ರೀತಿಗೆ ನಿಮಗೆ ನೀವೇ ಒಳ್ಳೇದು ಮಾಡಿಕೊಳ್ಳಿ!’

ಬೇಡುವವನು ಹೀಗೆ ಕೂಗಿದ್ದನ್ನು ಎಲ್ಲಾದರೂ ಕೇಳಿದ್ದೀಯಾ? ಅವನು 1550ರಲ್ಲಿ ತೀರಿಕೊಂಡ. ಅವನ ದಾರಿ ಹಿಡಿದ ಸನ್ಯಾಸಿಗಳನ್ನು ಇಟಲಿಯ ಜನ ಆ ಕೂಗಿನಿಂದಲೇ ಕರೆದರು. ಆದರೆ ‘ನಿಮಗೆ ನೀವೇ’ ಅನ್ನೋದು ಹೆಸರಿನಿಂದ ಉದುರಿಹೋಯಿತು. ನನಗೆ ಅದೇ ಜಾಸ್ತಿ ಮುಖ್ಯ.

ನಾನು ಸರ್ವೀಸಿಗೆ ಸೇರಿದ ಹೊಸದರಲ್ಲಿ ಲಕ್ವ ಹೊಡೆದ ಅಜ್ಜಿಯೊಬ್ಬರಿಗೆ ದಿನಾ ಮೈ ಒರೆಸುತ್ತಿದ್ದೆ. ಅವರಿಗೆ ಮಾತಿಲ್ಲ, ಮನೆಯವರು ಬಂದರೂ ನನ್ನ ಮುಖ ನೋಡುತ್ತಿರಲಿಲ್ಲ. ಸಿಟ್ಟಿಗೆ ಬಟ್ಟೆಯನ್ನು ಜೋರಾಗಿ ಹಿಂಡಿದ ದಿನಗಳುಂಟು. ಒಂದು ಬೆಳಿಗ್ಗೆ ಮಗ್ಗುಲು ಹೊರಳಿಸಿ ನೋಡಿದರೆ ಸೊಂಟದ ಹುಣ್ಣಿನ ಅಂಚಿಗೆ ತೆಳ್ಳಗೆ ಹೊಸ ಚರ್ಮ ಬಂದಿತ್ತು, ಚಿಗುರಿನ ಬಣ್ಣ. ಅಜ್ಜಿಗೆ ಅದು ಕಾಣುವ ಜಾಗವಲ್ಲ. ನೋಡಿದವಳು ನಾನೊಬ್ಬಳೇ. ಅವತ್ತು ಮಧ್ಯಾಹ್ನ ಎರಡು ಮುದ್ದೆ ಉಂಡೆ.

ಥ್ಯಾಂಕ್ಸ್‌ಗೆ ಕಾಯಬೇಡ, ಮಗಳೇ. ಹಾಗಂತ ಸುಮ್ನೆ ದುಡಿ ಅಂತಲ್ಲ. ಪಾಳಿ ಮೀರಿ ನಿಲ್ಲಿಸಿಕೊಂಡರೆ ಬಾಯಿಬಿಟ್ಟು ಕೇಳು, ರಜೆ ಬಿಟ್ಟುಕೊಡಬೇಡ. ನಿನ್ನ ಮೈಯೂ ಮೈಯೇ ಅಲ್ವಾ?

ಮುಂದಿನ ರಜೆಗೆ ಸೇತುವೆ ದಾಟಿ ನಡುಗಡ್ಡೆಗೆ ಹೋಗಿ ಬಾ. ಒಂದು ಫೋಟೋ ಕಳಿಸು.

ನಿನ್ನ ದೊಡ್ಡಮ್ಮ