ಭಾನುವಾರದ ಮಾತುಕತೆಗೆ ಮುನ್ನ ಒಂದು ಸೂಚನೆ

ಸದಸ್ಯರೆಲ್ಲರಿಗೂ ನಮಸ್ಕಾರ.

ಈ ಭಾನುವಾರ ಸಂಜೆ ಬ್ರಿಟಿಷ್ ನಿಯತಕಾಲಿಕೆಗಳ ಪುಟವಿನ್ಯಾಸದ ಬಗ್ಗೆ ಮಾತನಾಡಬೇಕಿದೆ. ಎಲ್ಲವನ್ನೂ ಮುಟ್ಟಲು ಹೋದರೆ ಯಾವುದೂ ದಕ್ಕುವುದಿಲ್ಲ. ಆದ್ದರಿಂದ, ಹರ್ಬರ್ಟ್ ಇಂಗ್ರಾಮ್ 1842ರ ಮೇ 14ರಂದು ಆರಂಭಿಸಿದ ‘ಇಲಸ್ಟ್ರೇಟೆಡ್ ಲಂಡನ್ ನ್ಯೂಸ್’ ವಾರಪತ್ರಿಕೆಯೊಂದನ್ನೇ ಹಿಡಿಯೋಣ. ಮೊದಲ ಸಂಚಿಕೆಯ 16 ಪುಟಗಳಲ್ಲಿ 32 ಚಿತ್ರಗಳಿದ್ದವು. ಬೆಲೆ ಆರು ಪೆನ್ಸ್.

ಛಾಯಾಚಿತ್ರವನ್ನು ಅಕ್ಷರಗಳ ಜೊತೆಗೇ ಅಚ್ಚು ಹಾಕುವ ದಾರಿ ಆಗ ಇರಲಿಲ್ಲ. ಬಾಕ್ಸ್‌ವುಡ್ ಎಂಬ ಗಟ್ಟಿ ಮರದ ತುಂಡುಗಳ ಮೇಲೆ ಚಿತ್ರ ಕೆತ್ತುತ್ತಿದ್ದರು. ಆ ಮರದ ಕಾಂಡ ಸಣ್ಣದು. ಹಾಗಾಗಿ ದೊಡ್ಡ ಚಿತ್ರಕ್ಕೆ ಹಲವು ತುಂಡುಗಳನ್ನು ಜೋಡಿಸಬೇಕಿತ್ತು. ಮುಂದೆ ಬೋಲ್ಟ್ ಹಾಕಿ ಜೋಡಿಸುವ ಕ್ರಮ ಬಂದಿತು: ಚಿತ್ರ ಬರೆದ ಮೇಲೆ ಬಿಚ್ಚಿ, ಒಬ್ಬೊಬ್ಬ ಕೆತ್ತನೆಗಾರನಿಗೆ ಒಂದೊಂದು ತುಂಡು ಕೊಡುತ್ತಿದ್ದರು. ಒಬ್ಬನ ಕೈಯಲ್ಲಿ ಆಕಾಶ, ಇನ್ನೊಬ್ಬನ ಕೈಯಲ್ಲಿ ಜನಜಂಗುಳಿ! ಮತ್ತೆ ಜೋಡಿಸಿ, ಅಂಚಿನ ಗೆರೆಗಳು ಕೂಡುವಂತೆ ತಿದ್ದಿದರೆ ಚಿತ್ರ ಸಿದ್ಧ. ತುಂಡುಗಳು ಅಚ್ಚುಮೊಳೆಯಷ್ಟೇ ಎತ್ತರವಿದ್ದುದರಿಂದ ಅಕ್ಷರ, ಚಿತ್ರಗಳೆರಡೂ ಒಂದೇ ಒತ್ತಿಗೆ ಮೂಡುತ್ತಿದ್ದವು. ವಾರದ ಗಡುವಿನೊಳಗೆ ಇಷ್ಟು ಕೆಲಸ ಮಾಡಿದ ಆ ಕೈಗಳನ್ನು ನೆನೆದರೆ ನನಗೆ ಇಂದಿಗೂ ಬೆರಗು.

ಬರುವ ಮುನ್ನ ಪತ್ರಿಕೆಯ ಹಳೆಯ ಪುಟವೊಂದನ್ನು ಮೊಬೈಲಿನಲ್ಲಿ ಹಿಗ್ಗಿಸಿ ನೋಡಿ. ಚಿತ್ರದ ನಡುವೆ ಎಳೆಯಷ್ಟು ತೆಳುವಾದ ಬಿಳಿ ಗೆರೆ ಕಂಡರೆ, ಅದೇ ತುಂಡುಗಳು ಕೂಡಿದ ಜಾಗ. ಸಿಕ್ಕ ಚಿತ್ರವನ್ನು ಶನಿವಾರದೊಳಗೆ ಇಲ್ಲಿಯೇ ಹಾಕಿ, ವರ್ಷವನ್ನೂ ತಪ್ಪದೆ ಬರೆಯಿರಿ.

‘ಪಂಚ್’ ಎಂಬ ಬ್ರಿಟಿಷ್ ಹಾಸ್ಯಪತ್ರಿಕೆಗೆ ಚಿತ್ರಕಾರ ರಿಚರ್ಡ್ ಡಾಯ್ಲ್ ಬರೆದ ಮುಖಪುಟದ ಚರ್ಚೆಯನ್ನು ಮುಂದಿನ ವಾರಕ್ಕೆ ಇಟ್ಟುಕೊಳ್ಳೋಣ.