ಈ ತಿಂಗಳ ಓದು: ಕಡಲ ಮೀನಿನಿಂದ ಕುದುರೆವರೆಗೆ

ಎಲ್ಲರಿಗೂ ನಮಸ್ಕಾರ. ಭಾನುವಾರ ಸಂಜೆ 5 ಗಂಟೆಗೆ ಸೇರೋಣ. ಈ ಸಲ ಪ್ರಾಣಿಗಳ ಬಗ್ಗೆ ನಮ್ಮವರೇ ಬರೆದ ಹಳೆಯ ಪುಸ್ತಕಗಳು.

ಮೊದಲು ಮಾನಸೋಲ್ಲಾಸ. ಕಲ್ಯಾಣದ ಚಾಲುಕ್ಯ ದೊರೆ ಮೂರನೇ ಸೋಮೇಶ್ವರ 12ನೇ ಶತಮಾನದಲ್ಲಿ ಸಂಸ್ಕೃತದಲ್ಲಿ ರಚಿಸಿದ ಗ್ರಂಥ. ಒಟ್ಟು 100 ಅಧ್ಯಾಯ, ಎಲ್ಲವನ್ನೂ ಓದಬೇಕಾಗಿಲ್ಲ. ಆನೆ, ಕುದುರೆಗಳ ಭಾಗ ಚೆನ್ನಾಗಿವೆ. ಆದರೆ ಮತ್ಸ್ಯವಿನೋದವನ್ನು ಮಾತ್ರ ದಯವಿಟ್ಟು ಬಿಡಬೇಡಿ. ಕಡಲ ಮೀನು ಬೇರೆ, ಹೊಳೆ ಮೀನು ಬೇರೆ. ಮೈಮೇಲೆ ಹುರುಪೆ ಇರುವುದು ಬೇರೆ, ಇಲ್ಲದ್ದು ಬೇರೆ. ಯಾವ ಮೀನಿಗೆ ಯಾವ ಮೇವು, ಗಾಳ ಹಾಕುವುದು ಹೇಗೆ, ಎಲ್ಲ ಇದೆ. ಕಡಲಿನಿಂದ ಅಷ್ಟು ದೂರದ ಬಸವಕಲ್ಯಾಣದಲ್ಲಿ ಕೂತು ಸಮುದ್ರದ ಮೀನನ್ನು ಇಷ್ಟು ವಿವರವಾಗಿ ಬರೆದಿದ್ದಾರೆ ಅಂದ್ರೆ ಆಶ್ಚರ್ಯ ಅಲ್ವಾ? ನಾನಂತೂ ಆ ಪುಟಗಳನ್ನು ಮೂರು ಸಲ ಓದಿದೆ.

ಕನ್ನಡದಲ್ಲೇ ಬೇಕು ಅನ್ನುವವರಿಗೆ ಕೀರ್ತಿವರ್ಮನ ಗೋವೈದ್ಯ, ಅಭಿನವಚಂದ್ರನ ಅಶ್ವವೈದ್ಯ ಇವೆ. ಒಂದು ದನದ್ದು, ಇನ್ನೊಂದು ಕುದುರೆಯದು.

ಮನೆಯಲ್ಲಿ ದನ ಸಾಕಿದವರು, ಕರಾವಳಿ ಕಡೆಯವರು ತಪ್ಪದೆ ಬನ್ನಿ. ನಿಮ್ಮೂರಲ್ಲಿ ಮೀನುಗಳಿಗೆ ಏನೇನು ಹೆಸರಿವೆ ಅಂತ ಬರೆದು ತನ್ನಿ. ಹಳೆಯ ಹೆಸರುಗಳ ಪಕ್ಕ ಇಟ್ಟು ನೋಡೋಣ.